ತೂಬು ಬಲ್ಲವರ ಮಾತು ಕಡತಕ್ಕೆ ಬರಲಿ

ಬಯಲುಸೀಮೆಯ ಕೆರೆಗಳ ಪರವಾಗಿ ಒಂದು ಹಕ್ಕೊತ್ತಾಯ ಪತ್ರ

ಇವರಿಗೆ: ಕರ್ನಾಟಕ ಸರ್ಕಾರ, ಸಣ್ಣ ನೀರಾವರಿ ಇಲಾಖೆ, ಗ್ರಾಮೀಣಾಭಿವೃದ್ಧಿ ಮತ್ತು ಪಂಚಾಯತ್ ರಾಜ್ ಇಲಾಖೆ, ಜಿಲ್ಲಾ ಪಂಚಾಯತಿಗಳು ಮತ್ತು ನಮ್ಮದೇ ಗ್ರಾಮ ಪಂಚಾಯತಿಗಳು.



ಕೋಲಾರ, ಚಿಕ್ಕಬಳ್ಳಾಪುರ ಜಿಲ್ಲೆಗಳಲ್ಲಿ ವರ್ಷಪೂರ್ತಿ ಹರಿಯುವ ನದಿ ಒಂದೂ ಇಲ್ಲ. ಪಾಲಾರ್, ಉತ್ತರ ಪಿನಾಕಿನಿ, ದಕ್ಷಿಣ ಪಿನಾಕಿನಿಗಳು ಹುಟ್ಟುವುದು ಈ ಭಾಗದಲ್ಲೇ. ಆದರೆ ಮಳೆಗಾಲ ಕಳೆದ ಮೇಲೆ ಅವುಗಳ ಪಾತ್ರದಲ್ಲಿ ಮರಳೇ ಗತಿ. ವರ್ಷಕ್ಕೆ 700 ಮಿಲಿಮೀಟರ್ ಆಸುಪಾಸಿನ ಮಳೆ, ಅದೂ ಬೆರಳೆಣಿಕೆಯ ದಿನಗಳಲ್ಲಿ ಸುರಿದು ಹೋಗುತ್ತದೆ. ಇಂಥ ನೆಲದಲ್ಲಿ ಜನ ಶತಮಾನಗಳ ಕಾಲ ರಾಗಿ, ಭತ್ತ, ಹಿಪ್ಪುನೇರಳೆ ಬೆಳೆದು ಬದುಕಿದ್ದು ಕೆರೆಗಳಿಂದ. ಅವಿಭಜಿತ ಕೋಲಾರ ಜಿಲ್ಲೆಯೊಂದರಲ್ಲೇ 4,000ಕ್ಕೂ ಹೆಚ್ಚು ಕೆರೆಗಳಿವೆ, ಇಡೀ ರಾಜ್ಯದಲ್ಲಿ ಸುಮಾರು 36,000. ಹತ್ತೊಂಬತ್ತನೇ ಶತಮಾನದಲ್ಲಿ ಮೈಸೂರು ಸಂಸ್ಥಾನದ ಮುಖ್ಯ ಎಂಜಿನಿಯರ್ ಆಗಿದ್ದ ಸ್ಯಾಂಕಿಯವರಿಗೆ ಈ ಸೀಮೆಯಲ್ಲಿ ಹೊಸದೊಂದು ಕೆರೆ ಕಟ್ಟಲು ಜಾಗ ಹುಡುಕುವುದೇ ಕಷ್ಟ ಎನ್ನಿಸಿತ್ತು. ಕಟ್ಟಬಹುದಾದ ಕಡೆಯಲ್ಲೆಲ್ಲ ನಮ್ಮವರು ಅಷ್ಟರಲ್ಲಾಗಲೇ ಕಟ್ಟಿ ಮುಗಿಸಿದ್ದರು.

ಈ ವಿದ್ಯೆ ಬರೀ ಬಾಯಿಮಾತಿನದು ಎಂದು ಯಾರೂ ತಳ್ಳಿಹಾಕಬಾರದು. ಕಡಪ ಜಿಲ್ಲೆಯ ಪೊರುಮಾಮಿಳ್ಳದಲ್ಲಿ, ವಿಜಯನಗರದ ಬುಕ್ಕರಾಯನ ಮಗ ಭಾಸ್ಕರ 1369ರಲ್ಲಿ ಹಾಕಿಸಿದ ಶಾಸನವಿದೆ. ಒಳ್ಳೆಯ ಕೆರೆಗೆ ಬೇಕಾದ ಹನ್ನೆರಡು ಅಂಗಗಳನ್ನೂ ಕೆರೆಗೆ ಬರಬಾರದ ಆರು ದೋಷಗಳನ್ನೂ ಅದು ಪಟ್ಟಿ ಮಾಡುತ್ತದೆ. ಏರಿಯಲ್ಲಿ ನೀರು ಜಿನುಗುವುದು, ಚೌಳು ಮಣ್ಣು, ನೀರು ಕಡಿಮೆಯಿದ್ದು ಅಚ್ಚುಕಟ್ಟು ದೊಡ್ಡದಾಗಿರುವುದು ಇವೆಲ್ಲ ದೋಷಗಳು. ಎರಡು ರಾಜ್ಯಗಳ ಗಡಿಯಲ್ಲಿ ಕೆರೆ ಕಟ್ಟುವುದೂ ದೋಷವೇ. ಬರೆದವರಿಗೆ ಮಣ್ಣಿನ ಗುಣದಷ್ಟೇ ಚೆನ್ನಾಗಿ ನೀರಿನ ಜಗಳವೂ ಗೊತ್ತಿತ್ತು. ಗಂಗರ ಕಾಲದ ಶಾಸನಗಳಲ್ಲಿ ಬರುವ ಬಿತ್ತುವಟ್ಟ, ಆಮೇಲಿನ ಕಾಲದ ಕಟ್ಟುಗೊಡಗೆ ಇವೆಲ್ಲ ಕೆರೆ ಕಟ್ಟಿದವರಿಗೂ ಕಾಯ್ದವರಿಗೂ ಜಮೀನು ಅಥವಾ ಫಸಲಿನ ಪಾಲು ಕೊಟ್ಟ ಏರ್ಪಾಡುಗಳು.

ಇಂದು ಕೆರೆಗೆ ಹಣ ಬರುತ್ತಿಲ್ಲ ಎಂಬುದು ನಮ್ಮ ದೂರಲ್ಲ. ಹಣ ಬರುತ್ತಿದೆ. ಹೂಳೆತ್ತುವ ಯೋಜನೆ, ಕೆರೆ ತುಂಬಿಸುವ ಯೋಜನೆ, 2022ರಲ್ಲಿ ಜಿಲ್ಲೆಗೆ 75ರ ಲೆಕ್ಕದಲ್ಲಿ ಶುರುವಾದ ಅಮೃತ ಸರೋವರ, ಹೀಗೆ ಹೆಸರುಗಳಿಗೆ ಬರವಿಲ್ಲ. ಆದರೆ ಅಂದಾಜು ಪಟ್ಟಿ ಸಿದ್ಧವಾಗುವುದು ಎಲ್ಲೋ ಒಂದು ಕಚೇರಿಯಲ್ಲಿ. ಊರವರಿಗೆ ವಿಷಯ ತಿಳಿಯುವುದು ಜೆಸಿಬಿ ಬಂದು ಕೆರೆಯಂಗಳಕ್ಕೆ ಇಳಿದಾಗ. ಆ ಕೆರೆಯ ನೀರು ಯಾವ ಮಳೆಗೆ ಯಾವ ದಿಕ್ಕಿನಿಂದ ಬರುತ್ತದೆ, ಏರಿ ಎಲ್ಲಿ ಬಡವಾಗಿದೆ, ಯಾವ ತೂಬು ಯಾವ ಗದ್ದೆಗೆ ಎಷ್ಟು ಹೊತ್ತಿಗೆ ನೀರು ಮುಟ್ಟಿಸುತ್ತದೆ ಎಂದು ಬಲ್ಲವರು ಪಕ್ಕದಲ್ಲೇ ನಿಂತು ನೋಡುತ್ತಿರುತ್ತಾರೆ. ಅವರನ್ನು ಯಾರೂ ಕೇಳುವುದಿಲ್ಲ. ಕೇಳಿದರೂ ಅವರು ಹೇಳಿದ್ದು ಕಡತ ಸೇರುವುದಿಲ್ಲ. ಅದಕ್ಕಾಗಿ ಈ ಹಕ್ಕೊತ್ತಾಯಗಳು.

1. ಅಂದಾಜು ಪಟ್ಟಿಗೆ ಮೊದಲು ಕೆರೆ ನಡಿಗೆ

ಕೆರೆಯ ಯಾವುದೇ ಕಾಮಗಾರಿಗೆ ಅಂದಾಜು ತಯಾರಿಸುವ ಮೊದಲು ಎಂಜಿನಿಯರ್ ಊರಿನವರ ಜೊತೆ ಏರಿಯಿಂದ ಹಿಡಿದು ನೀರು ಬರುವ ಕಾಲುವೆಗಳ ತುದಿಯವರೆಗೆ ನಡೆಯಬೇಕು. ಜೊತೆಗಿರುವವರು ಪಂಚಾಯಿತಿ ಸದಸ್ಯರಷ್ಟೇ ಆದರೆ ಸಾಲದು. ಕೆರೆಯಿಂದ ಗದ್ದೆಗೆ ನೀರು ಬಿಡುತ್ತಿದ್ದ ನೀರುಗಂಟಿ ಮನೆತನದವರು, ಅಚ್ಚುಕಟ್ಟಿನ ಕೊನೆಯ ಗದ್ದೆಯ ರೈತರು, ಕುರಿ ಕಾಯುವವರು, ಮೀನು ಹಿಡಿಯುವವರು, ಕೆರೆಯಂಚಿನಲ್ಲಿ ಸೊಪ್ಪು ಕೀಳುವ ಹೆಣ್ಣುಮಕ್ಕಳು ಇರಬೇಕು. ಅವರು ಹೇಳಿದ್ದನ್ನು ಕನ್ನಡದಲ್ಲಿ ಬರೆದು, ಓದಿ ಹೇಳಿ, ಸಹಿ ಅಥವಾ ಹೆಬ್ಬೆಟ್ಟು ಪಡೆದು ಯೋಜನಾ ವರದಿಗೆ ಲಗತ್ತಿಸಬೇಕು. ಎಂಜಿನಿಯರ್‌ಗೆ ಒಪ್ಪಿಗೆಯಾಗದಿದ್ದರೆ ಒಪ್ಪಬೇಕಿಲ್ಲ, ಆದರೆ ಏಕೆ ಒಪ್ಪಲಿಲ್ಲ ಎಂದು ಅದೇ ಹಾಳೆಯಲ್ಲಿ ಕಾರಣ ಬರೆಯಲಿ. ಈ ಲಗತ್ತು ಇಲ್ಲದ ಯಾವ ಅಂದಾಜಿಗೂ ತಾಂತ್ರಿಕ ಮಂಜೂರಾತಿ ಕೊಡಬಾರದು.

2. ಹೂಳೆತ್ತುವುದು ಎಲ್ಲಿ, ಎಷ್ಟು, ಯಾರಿಗೆ: ತೀರ್ಮಾನ ಊರಿನದು

ಈಗಿನ ಕೆರೆ ಕಾಮಗಾರಿಗಳಲ್ಲಿ ಅತಿ ಹೆಚ್ಚು ಹಾನಿ ಆಗುತ್ತಿರುವುದು ಹೂಳೆತ್ತುವ ಹೆಸರಿನಲ್ಲೇ. ಅದರಿಂದ ಇದನ್ನು ಸ್ವಲ್ಪ ಬಿಡಿಸಿ ಹೇಳಬೇಕು.

ಕೆರೆಯ ಹೂಳು ಎಲ್ಲ ಕಡೆ ಒಂದೇ ತರಹ ಇರುವುದಿಲ್ಲ. ಕಾಲುವೆ ಬಂದು ಕೂಡುವ ಬಾಯಲ್ಲಿ ದಪ್ಪ ಮರಳು ನಿಲ್ಲುತ್ತದೆ. ಏರಿಯ ಕಡೆಗೆ ಬಂದಂತೆ ಕಣ ಸಣ್ಣದಾಗುತ್ತಾ, ಏರಿಯ ಬುಡದ ಹತ್ತಿರ ನುಣ್ಣನೆಯ ಗೋಡುಮಣ್ಣು ಸಿಗುತ್ತದೆ. ಮಣ್ಣನ್ನು ಅಂಗೈಯಲ್ಲಿ ನೀರು ಹಾಕಿ ಉಂಡೆ ಕಟ್ಟಿ, ಬತ್ತಿ ಹೊಸೆದು ನೋಡುವ ರೈತನಿಗೆ ಇದು ಯಾವ ಹೊಲಕ್ಕೆ ಆಗುತ್ತದೆ, ಯಾವುದಕ್ಕೆ ಆಗುವುದಿಲ್ಲ ಎಂದು ಗೊತ್ತು. ಮರಳು ಹೆಚ್ಚಿರುವ ಕೆಂಪು ಹೊಲಕ್ಕೆ ಗೋಡು ಹೊಡೆದರೆ ಅದು ತೇವ ಹಿಡಿದಿಟ್ಟುಕೊಳ್ಳುತ್ತದೆ. ಮೊದಲೇ ಜಿಗುಟಾದ ಗದ್ದೆಗೆ ಅದನ್ನೇ ಹೊಡೆದರೆ ನೀರು ಬಸಿಯದೆ ಬೆಳೆ ಕೊಳೆಯುತ್ತದೆ. ಕುಂಬಾರರು ಬೇಡುವ ಮಣ್ಣು ಇನ್ನೊಂದು ಪದರದ್ದು.

ಹೂಳಿನ ಕೆಳಗೆ ನೀರನ್ನು ಹಿಡಿದು ನಿಲ್ಲಿಸುವ ಗಟ್ಟಿ ಜೇಡಿಯ ಪದರವಿದೆ. ಅದನ್ನು ಒಡೆದು ಗರಸಿನವರೆಗೆ ಅಗೆದರೆ ನೀರು ನಿಲ್ಲದೆ ಇಂಗಿ ಹೋಗುತ್ತದೆ. ಇಂಗಿದರೆ ಬಾವಿಗಳಿಗೆ ಒಳ್ಳೆಯದಲ್ಲವೇ ಎಂದು ಯಾರಾದರೂ ಕೇಳಬಹುದು. ಕೆಲವು ಕೆರೆಗಳಿಗೆ ಆ ಮಾತು ಸರಿ. ಆದರೆ ದನಕರುಗಳಿಗೆ ಏಪ್ರಿಲ್‌ವರೆಗೆ ನೀರು ನಿಲ್ಲಬೇಕಾದ ಕೆರೆಯಲ್ಲಿ ಅದು ಊರಿಗೆ ಹೊಡೆತ. ತೂಬಿನ ಮಟ್ಟಕ್ಕಿಂತ ಕೆಳಗೆ ಅಗೆದ ಜಾಗದಲ್ಲಿ ನಿಂತ ನೀರು ತೂಬಿಗೆ ಹತ್ತುವುದಿಲ್ಲ, ಯಾವ ಗದ್ದೆಗೂ ಹರಿಯುವುದಿಲ್ಲ. ಏರಿಯ ಬುಡಕ್ಕೆ ಹತ್ತಿಕೊಂಡು ಕಡಿದಾಗಿ ಅಗೆದರೆ ಏರಿಯೇ ಸಡಿಲಾಗುತ್ತದೆ. ಕಡಿದಾದ ಗುಂಡಿಗಳಲ್ಲಿ ಮಕ್ಕಳೂ ದನಗಳೂ ಮುಳುಗಿ ಸಾಯುವುದು ಪ್ರತಿ ಮಳೆಗಾಲದ ಸುದ್ದಿ. ಗುತ್ತಿಗೆದಾರನಿಗೆ ಬಿಲ್ಲು ಆಗುವುದು ಘನಮೀಟರ್ ಲೆಕ್ಕದಲ್ಲಿ. ಅಮೃತ ಸರೋವರದ ಅಳತೆಯೂ ಕನಿಷ್ಠ 10,000 ಘನಮೀಟರ್ ಎಂದೇ ಇದೆ. ಲೆಕ್ಕ ಹೀಗಿದ್ದಾಗ ಯಂತ್ರ ಸುಲಭವಾಗಿ ಅಗೆಯಲು ಬರುವ ಕಡೆ ಆಳಕ್ಕೆ ಹೋಗುತ್ತದೆ, ಹೂಳು ನಿಜವಾಗಿ ತುಂಬಿರುವ ಕಡೆ ಹೋಗುವುದಿಲ್ಲ.

ನಮ್ಮ ಬೇಡಿಕೆ ಹೀಗಿದೆ. ಕೆಲಸ ಶುರುವಾಗುವ ಮೊದಲು ಬಲ್ಲವರು ತೋರಿಸಿದ ಕಡೆಗಳಲ್ಲಿ ಗುಂಡಿ ತೆಗೆದು ಪದರಗಳನ್ನು ಎಲ್ಲರೆದುರು ನೋಡಬೇಕು. ಎಷ್ಟು ಆಳಕ್ಕೆ ನಿಲ್ಲಿಸಬೇಕು, ಏರಿಯಿಂದ ಎಷ್ಟು ದೂರ ಬಿಡಬೇಕು ಎಂದು ಗ್ರಾಮಸಭೆ ತೀರ್ಮಾನಿಸಿ ಗೂಟ ಹೊಡೆಸಬೇಕು. ಗೂಟ ದಾಟಿ ಅಗೆದ ಮಣ್ಣಿಗೆ ಬಿಲ್ಲು ಮಾಡಬಾರದು. ಗೋಡು ಮೊದಲು ಸಲ್ಲಬೇಕಾದದ್ದು ಸಣ್ಣ ಹಿಡುವಳಿದಾರರಿಗೆ. ಟ್ರ್ಯಾಕ್ಟರ್ ಇರುವವರು ಮಾತ್ರ ಹೊಡೆದುಕೊಂಡು ಹೋಗುವಂತಾಗದೆ ಇರಲು ಸಾಗಣೆ ವೆಚ್ಚವನ್ನೂ ಅಂದಾಜಿನಲ್ಲೇ ಸೇರಿಸಬೇಕು. ಊರ ಚರಂಡಿಯ ಅಥವಾ ನಗರದ ನೀರು ಸೇರಿದ ಕೆರೆಯಾಗಿದ್ದರೆ ಗೋಡನ್ನು ಹೊಲಕ್ಕೆ ಹಾಕುವ ಮೊದಲು ಇಲಾಖೆಯ ಖರ್ಚಿನಲ್ಲಿ ಪರೀಕ್ಷೆ ಮಾಡಿಸಬೇಕು.

3. ಕೆರೆಗೊಬ್ಬ ನೀರುಗಂಟಿ: ಜಾತಿಯ ಕಟ್ಟಿಲ್ಲದೆ, ಸಂಬಳದೊಂದಿಗೆ

ಈ ಬೇಡಿಕೆಯನ್ನು ಬರೆಯುವಾಗ ಮೊದಲು ಹೇಳಲೇಬೇಕಾದ ಮಾತೊಂದಿದೆ. ಹಳೆಯ ಕೆರೆ ವ್ಯವಸ್ಥೆ ಚೆನ್ನಾಗಿತ್ತು ಎಂದು ಹಾಡಿ ಹೊಗಳುವವರು ನೀರುಗಂಟಿ ಯಾರು ಎಂಬುದನ್ನು ಮರೆಮಾಚುತ್ತಾರೆ. ಈ ಭಾಗದ ಬಹುಪಾಲು ಊರುಗಳಲ್ಲಿ ಆತ ದಲಿತ ಕೇರಿಯವನು. ಇಡೀ ಊರಿನ ಗದ್ದೆಗೆ ನೀರು ಬಿಡುತ್ತಿದ್ದವನಿಗೆ ಊರ ಸೇದುವ ಬಾವಿ ಮುಟ್ಟುವಂತಿರಲಿಲ್ಲ. ಸುಗ್ಗಿಯಲ್ಲಿ ಕಣಕ್ಕೆ ಹೋಗಿ ತನ್ನ ಪಾಲಿನ ಆಯ ಕೇಳಿ ಪಡೆಯಬೇಕಿತ್ತು. ರಾತ್ರಿ ಕಾವಲಿಗೆ, ಬಿಟ್ಟಿ ಚಾಕರಿಗೆ ಹೊತ್ತು ಗೊತ್ತಿರಲಿಲ್ಲ. 1961ರ ಗ್ರಾಮ ಹುದ್ದೆಗಳ ರದ್ದತಿ ಕಾಯ್ದೆ ವಂಶಪಾರಂಪರ್ಯ ಹುದ್ದೆಗಳನ್ನು ತೆಗೆದುಹಾಕಿದ್ದು ನ್ಯಾಯವೇ. 1970ರ ದಶಕದ ದಲಿತ ಚಳವಳಿಯ ಕಾಲದಲ್ಲಿ ಕೇರಿಯ ಮಕ್ಕಳು ಬಿಟ್ಟಿ ಚಾಕರಿ ಮಾಡುವುದಿಲ್ಲ ಎಂದದ್ದೂ ನ್ಯಾಯವೇ. ಅನ್ಯಾಯ ಆದದ್ದು ಆಮೇಲೆ. ಹುದ್ದೆ ಹೋಯಿತು, ಕೆಲಸ ಹೋಗಲಿಲ್ಲ. ಕೆರೆ ಇದ್ದಲ್ಲಿ ತೂಬೂ ಇತ್ತು, ಏರಿಯೂ ಇತ್ತು. ಆ ಕೆಲಸಕ್ಕೆ ಸಂಬಳ ಕೊಟ್ಟು ಇನ್ನೊಬ್ಬರನ್ನು ನೇಮಿಸಬೇಕೆಂದು ಯಾರಿಗೂ ಅನ್ನಿಸಲಿಲ್ಲ.

ನೀರುಗಂಟಿಯ ಕೆಲಸ ಏನು ಎಂದು ತಿಳಿಯದವರಿಗಾಗಿ ಒಂದಿಷ್ಟು ಹೇಳುತ್ತೇವೆ. ಹಳೆಯ ತೂಬಿನಲ್ಲಿ ಎರಡು ಕಲ್ಲುಗಂಬ, ನಡುವೆ ಅಡ್ಡಕಲ್ಲುಗಳು, ಕೆಳಗೆ ತೂತು, ತೂತಿಗೆ ಮರದ ಬಿರಡೆ. ಕೆರೆ ತುಂಬಿದ್ದಾಗ ಆತ ನೀರಿಗಿಳಿದು ಬಿರಡೆ ಎತ್ತಬೇಕು. ಎಷ್ಟು ಎತ್ತಿದರೆ ಕಾಲುವೆಯ ಕೊನೆಯ ಮಡಿಗೆ ಎಷ್ಟು ಹೊತ್ತಿಗೆ ನೀರು ಮುಟ್ಟುತ್ತದೆ ಎಂಬುದು ಆತನ ಕೈಗೆ ಗೊತ್ತಿರುತ್ತದೆ. ಕೆರೆಯಲ್ಲಿ ಎಷ್ಟು ನೀರಿದೆ ಎಂದು ಏರಿಯ ಒಳಮೈಯ ಕಲ್ಲುಕಟ್ಟಡದ ಸಾಲು ನೋಡಿ ಹೇಳುತ್ತಾನೆ, ಅದರ ಮೇಲೆ ಭತ್ತವೋ ರಾಗಿಯೋ ತೀರ್ಮಾನ ಆಗುತ್ತದೆ. ಹಸ್ತ, ಚಿತ್ತೆ, ಸ್ವಾತಿ ಮಳೆಗಳಲ್ಲಿ ಚಂಡಮಾರುತ ಬಂದು ಬಿಡದೆ ಸುರಿಯುವಾಗ ರಾತ್ರಿಯಿಡೀ ಏರಿಯ ಹಿಂಬದಿಯಲ್ಲಿ ನಡೆದು ನೋಡಬೇಕು. ಅಲ್ಲಿ ಜಿನುಗುವ ನೀರು ತಿಳಿಯಾಗಿದ್ದರೆ ಹೆದರಬೇಕಿಲ್ಲ. ಕೆಂಪಗೆ ಕದಡಿ ಬಂದರೆ ಏರಿಯ ಮಣ್ಣು ಒಳಗಿಂದ ಕೊಚ್ಚಿ ಹೋಗುತ್ತಿದೆ ಎಂದೇ ಅರ್ಥ, ಕೂಡಲೇ ಊರನ್ನು ಎಬ್ಬಿಸಬೇಕು. ಏಡಿ, ಹೆಗ್ಗಣ ತೋಡಿದ ಬಿಲಗಳನ್ನು ಬೇಸಿಗೆಯಲ್ಲೇ ಹುಡುಕಿ ಜೇಡಿ ಮೆತ್ತಿ ಮುಚ್ಚಿರಬೇಕು.

2021ರ ನವೆಂಬರಿನಲ್ಲಿ ಕೋಲಾರ, ಚಿಕ್ಕಬಳ್ಳಾಪುರ ಸೀಮೆಯಲ್ಲಿ ಸುರಿದ ಮಳೆಗೆ ವರ್ಷಗಟ್ಟಲೆ ತುಂಬದಿದ್ದ ಎಷ್ಟೋ ಕೆರೆಗಳು ಕೋಡಿ ಹರಿದವು. ಅಂಥ ರಾತ್ರಿಯಲ್ಲಿ ಏರಿಯ ಮೇಲೆ ಯಾರಿರಬೇಕು ಎಂಬುದಕ್ಕೆ ಸರ್ಕಾರದ ಬಳಿ ಇಂದಿಗೂ ಉತ್ತರವಿಲ್ಲ. ಗ್ರಾಮ ಪಂಚಾಯಿತಿಗಳಲ್ಲಿ ನೀರುಗಂಟಿ ಎಂಬ ನೌಕರರೇನೋ ಇದ್ದಾರೆ, ಆದರೆ ಅವರ ಕೆಲಸ ಕೊಳವೆಬಾವಿಯ ಮೋಟಾರು, ನಲ್ಲಿಯ ವಾಲ್ವು. ಕೆರೆ ಅವರ ಪಟ್ಟಿಯಲ್ಲಿಲ್ಲ.

ಆದ್ದರಿಂದ ಪ್ರತಿ ದೊಡ್ಡ ಕೆರೆಗೆ ಒಬ್ಬರನ್ನು, ಸಣ್ಣ ಕೆರೆಗಳಾದರೆ ಹತ್ತಿರದ ಕೆಲವಕ್ಕೆ ಸೇರಿಸಿ ಒಬ್ಬರನ್ನು ಕೆರೆ ನೀರುಗಂಟಿಯಾಗಿ ನೇಮಿಸಬೇಕು. ಕನಿಷ್ಠ ವೇತನ, ಅಪಘಾತ ವಿಮೆ, ಮಳೆಯಂಗಿ, ಟಾರ್ಚು ಕೊಡಬೇಕು. ಹುದ್ದೆ ಯಾವ ಜಾತಿಗೂ ಕಟ್ಟುಬೀಳಬಾರದು, ಹೆಣ್ಣುಮಕ್ಕಳಿಗೂ ತೆರೆದಿರಬೇಕು. ಹೊಸದಾಗಿ ಸೇರುವವರು ಹಿರಿಯ ನೀರುಗಂಟಿಗಳ ಕೈಕೆಳಗೆ ಎರಡು ಮಳೆಗಾಲ ಕಲಿಯಬೇಕು. ಕಲಿಸುವ ಹಿರಿಯರಿಗೆ ಗುರುಗಳಿಗೆ ಸಲ್ಲುವ ಗೌರವಧನ ಸಲ್ಲಬೇಕು. ಅವರಲ್ಲಿ ಬಹಳಷ್ಟು ಮಂದಿ ಈಗ ಎಪ್ಪತ್ತು ದಾಟಿದವರು, ಇದನ್ನು ಇನ್ನು ಹತ್ತು ವರ್ಷ ಮುಂದೂಡಲು ಆಗುವುದಿಲ್ಲ.

ನೀರುಗಂಟಿ ಕೆಲಸಕ್ಕೆ ಹಿಂದೆ ಕೊಟ್ಟಿದ್ದ ಇನಾಂ ಜಮೀನಿನ ವಿಷಯವೂ ಇತ್ಯರ್ಥ ಆಗಬೇಕು. 1961ರ ಕಾಯ್ದೆಯಡಿ ಮರುಮಂಜೂರಾದ ಜಮೀನುಗಳಲ್ಲಿ ಎಷ್ಟು ಇಂದಿಗೂ ಆ ಮನೆತನಗಳ ಕೈಯಲ್ಲಿವೆ ಎಂದು ತಾಲ್ಲೂಕುವಾರು ಪಟ್ಟಿ ಮಾಡಿ ಪ್ರಕಟಿಸಬೇಕು. ಪರಿಶಿಷ್ಟರಿಗೆ ಸರ್ಕಾರ ಮಂಜೂರು ಮಾಡಿದ ಜಮೀನು ಪರಭಾರೆಯಾಗದಂತೆ ತಡೆಯುವ 1978ರ ಪಿಟಿಸಿಎಲ್ ಕಾಯ್ದೆ, ವಂಶಪಾರಂಪರ್ಯ ಹುದ್ದೆಗಳ ಜಮೀನನ್ನು ತನ್ನ ವ್ಯಾಖ್ಯೆಯಿಂದ ಹೊರಗಿಟ್ಟಿದೆ. ಊರಿನ ನೀರು ಕಾಯ್ದವರ ಜಮೀನಿಗೇ ಆ ರಕ್ಷಣೆ ಇಲ್ಲದಂತಾಗಿದೆ. ಆ ಹೊರತನ್ನು ತೆಗೆದುಹಾಕಬೇಕು.

4. ಕೋಡಿಯ ಮಟ್ಟ ಮುಟ್ಟಬೇಡಿ

ಗ್ರಾಮಸಭೆಯ ಲಿಖಿತ ಒಪ್ಪಿಗೆ ಮತ್ತು ಮೇಲಿನ, ಕೆಳಗಿನ ಕೆರೆಗಳ ಊರುಗಳ ಒಪ್ಪಿಗೆ ಇಲ್ಲದೆ ಯಾವ ಕೋಡಿಯನ್ನೂ ಎತ್ತರಿಸಬಾರದು, ತಗ್ಗಿಸಬಾರದು. ಕೋಡಿ ಒಂದಡಿ ಏರಿದರೆ ಮೇಲಿನವರ ಹೊಲ ಮುಳುಗುತ್ತದೆ, ಕೆಳಗಿನವರ ಕೆರೆ ಬರಿದಾಗುತ್ತದೆ, ನಡುವಿನ ಏರಿ ಅಪಾಯಕ್ಕೆ ಬೀಳುತ್ತದೆ.

5. ಕೆರೆಗಳನ್ನು ಸರಣಿಯಾಗಿ ನೋಡಿ, ರಾಜಕಾಲುವೆ ಬಿಡಿಸಿಕೊಡಿ

ನಮ್ಮ ಕೆರೆಗಳು ಒಂಟಿಯಾಗಿಲ್ಲ. ಒಂದರ ಕೋಡಿ ನೀರು ಇನ್ನೊಂದರ ಒಡಲಿಗೆ ಬರುತ್ತದೆ. ಸರ್ಕಾರ ಮಾತ್ರ ಅವನ್ನು ಅಚ್ಚುಕಟ್ಟಿನ ಅಳತೆಯಿಂದ ಹರಿದು ಹಂಚಿಕೊಂಡಿದೆ: 40 ಹೆಕ್ಟೇರಿಗಿಂತ ಕಡಿಮೆಯಾದರೆ ಪಂಚಾಯತ್ ರಾಜ್ ಸಂಸ್ಥೆಗಳಿಗೆ, ಮೇಲಾದರೆ 2,000 ಹೆಕ್ಟೇರಿನವರೆಗೆ ಸಣ್ಣ ನೀರಾವರಿ ಇಲಾಖೆಗೆ. ಕಾಲುವೆ ಕಂದಾಯ ಇಲಾಖೆಯ ನಕ್ಷೆಯಲ್ಲಿ, ಕೆರೆಯಂಗಳದ ಗಿಡ ಅರಣ್ಯ ಇಲಾಖೆಯ ಲೆಕ್ಕದಲ್ಲಿ. ನೀರಿಗೆ ಈ ಇಲಾಖೆಗಳ ಗಡಿ ಗೊತ್ತಿಲ್ಲ.

ಪ್ರತಿ ಸರಣಿಗೆ ಒಂದು ಸಭೆ ಇರಲಿ. ಸರಣಿಯ ಎಲ್ಲ ಊರುಗಳ ಪ್ರತಿನಿಧಿಗಳು ವರ್ಷಕ್ಕೆರಡು ಸಲ, ಮುಂಗಾರಿಗೆ ಮೊದಲು ಮತ್ತು ಹಿಂಗಾರಿನ ಕೊನೆಗೆ, ಸೇರಲಿ. ಯಾವ ಕಾಲುವೆ ಎಲ್ಲಿ ಮುಚ್ಚಿದೆ, ಯಾವ ಬಡಾವಣೆಯ ಕೆಳಗೆ ಹೂತುಹೋಗಿದೆ ಎಂದು ಹಳಬರಿಂದ ಕೇಳಿ ಗ್ರಾಮನಕ್ಷೆಯ ಮೇಲೆ ಗುರುತು ಮಾಡಬೇಕು. ನಕ್ಷೆಗೂ ನೆನಪಿಗೂ ಹೊಂದಿಕೆಯಾಗದಿದ್ದರೆ ಸರ್ವೆ ಮಾಡಿಸಬೇಕು. ಕೆರೆ, ಕುಂಟೆ, ಗೋಮಾಳಗಳ ಒತ್ತುವರಿ ತೆರವು ಮಾಡಬೇಕೆಂದು ಸುಪ್ರೀಂ ಕೋರ್ಟು 2011ರ ಜಗಪಾಲ್ ಸಿಂಗ್ ಪ್ರಕರಣದಲ್ಲಿ ಎಲ್ಲ ರಾಜ್ಯಗಳಿಗೂ ಸೂಚಿಸಿದೆ, ಹೊಸ ಕಾನೂನಿಗಾಗಿ ಕಾಯುವ ಅಗತ್ಯವಿಲ್ಲ.

6. ನೀರು ಹಂಚುವ ಊರ ಕಟ್ಟಳೆಗೆ ಮಾನ್ಯತೆ

ಕೆರೆ ಅರ್ಧ ತುಂಬಿದ ವರ್ಷ ಅಚ್ಚುಕಟ್ಟಿನ ಒಂದು ಭಾಗಕ್ಕೆ ಮಾತ್ರ ನೀರು ಎಂದು ತೀರ್ಮಾನಿಸಿ, ಆ ಭಾಗದಲ್ಲೇ ಎಲ್ಲರಿಗೂ ಅವರವರ ಹಿಡುವಳಿಗೆ ತಕ್ಕ ತುಂಡು ಹಂಚಿಕೊಂಡು ಬೆಳೆ ಇಟ್ಟ ಊರುಗಳಿವೆ. ಮೇಲಿನ ಗದ್ದೆಯವನು ತನ್ನ ಸ್ವಂತ ಮಣ್ಣಿನಲ್ಲಿ ಆ ವರ್ಷ ಇನ್ನೊಬ್ಬನಿಗೆ ಬೆಳೆಯಲು ಬಿಡುವುದು ಸಣ್ಣ ಮಾತಲ್ಲ. ಕೊಳವೆಬಾವಿ ಬಂದ ಮೇಲೆ ಈ ಕಟ್ಟಳೆ ಸಡಿಲವಾಯಿತು. ಸ್ವಂತ ಮೋಟಾರು ಇದ್ದವನಿಗೆ ಊರ ತೀರ್ಮಾನ ಬೇಕಾಗಲಿಲ್ಲ. ಇಂದು ಕೊಳವೆಬಾವಿಗಳು 1,000 ಅಡಿ ದಾಟಿವೆ, ಆಳದ ನೀರಿನಲ್ಲಿ ಫ್ಲೋರೈಡ್ ಬರುತ್ತಿದೆ, ಕೋಲಾರ ಜಿಲ್ಲೆಯ ತಾಲ್ಲೂಕುಗಳು ಅಂತರ್ಜಲ ಅತಿಬಳಕೆಯ ಪಟ್ಟಿಯಲ್ಲಿವೆ. ಅದರಿಂದ ಕೆರೆಯ ನೀರನ್ನು ಹಂಚಲು ಗ್ರಾಮಸಭೆ ಮಾಡುವ ಕಟ್ಟಳೆಗಳಿಗೆ ಪಂಚಾಯತ್ ರಾಜ್ ಕಾಯ್ದೆಯಡಿ ಉಪವಿಧಿಯ ಬಲ ಕೊಡಿ. ಸಣ್ಣ ನೀರಾವರಿ ಮತ್ತು ಜಲನಿರ್ವಹಣೆ ಸಂವಿಧಾನದ ಹನ್ನೊಂದನೇ ಅನುಸೂಚಿಯಲ್ಲೇ ಪಂಚಾಯಿತಿಗಳಿಗೆ ಸೂಚಿಸಿದ ವಿಷಯಗಳು.

7. ಸಂಸ್ಕರಿಸಿದ ನೀರು: ಊರಿಗೆ ಕೇಳುವ ಹಕ್ಕು, ಕಾಣುವ ಲೆಕ್ಕ

2018ರ ಜೂನ್‌ನಲ್ಲಿ ಕೆ.ಸಿ. ವ್ಯಾಲಿ (ಕೋರಮಂಗಲ-ಚಲ್ಲಘಟ್ಟ ಕಣಿವೆ) ಯೋಜನೆಯಿಂದ ಬೆಂಗಳೂರಿನ ಸಂಸ್ಕರಿಸಿದ ಕೊಳಚೆ ನೀರು ಕೋಲಾರ ಜಿಲ್ಲೆಯ ಲಕ್ಷ್ಮೀಸಾಗರ ಕೆರೆಗೆ ಬಂತು. ದಿನಕ್ಕೆ 440 ದಶಲಕ್ಷ ಲೀಟರ್, ಕೋಲಾರ ಸೀಮೆಯ 126 ಕೆರೆಗಳು ಎಂಬುದು ಯೋಜನೆಯ ಅಳತೆ. ಬತ್ತಿದ ಬಾವಿಗಳಲ್ಲಿ ನೀರು ಕಂಡದ್ದು ನಿಜ, ಅದನ್ನು ಅಲ್ಲಗಳೆಯುವುದಿಲ್ಲ. ಅದೇ ವರ್ಷ ನೊರೆ ಕಾಣಿಸಿಕೊಂಡು ವಿಷಯ ಹೈಕೋರ್ಟಿಗೂ ಆಮೇಲೆ ಸುಪ್ರೀಂ ಕೋರ್ಟಿಗೂ ಹೋದದ್ದೂ ನಿಜ. ನೀರು ಬರುತ್ತಿರುವುದು ಎರಡನೇ ಹಂತದ ಸಂಸ್ಕರಣೆ ಮುಗಿಸಿ ಮಾತ್ರ.

ಇಲ್ಲಿ ಊರಿನ ತಿಳಿವಳಿಕೆಗೂ ಮಿತಿ ಇದೆ. ನೀರುಗಂಟಿಯ ಕಣ್ಣಿಗೆ ನೈಟ್ರೇಟು ಕಾಣುವುದಿಲ್ಲ, ಭಾರಲೋಹ ಕಾಣುವುದಿಲ್ಲ. ಇದಕ್ಕೆ ಪ್ರಯೋಗಾಲಯವೇ ಬೇಕು. ಅದರಿಂದ ಮೂರನೇ ಹಂತದ ಸಂಸ್ಕರಣೆ ಕಡ್ಡಾಯವಾಗಲಿ. ಪ್ರತಿ ತಿಂಗಳ ಪರೀಕ್ಷಾ ವರದಿಯನ್ನು ಸರಳ ಕನ್ನಡದಲ್ಲಿ ಏರಿಯ ಮೇಲೆ ಫಲಕ ಹಾಕಿ ಪ್ರಕಟಿಸಿ. ಪ್ರಯೋಗಾಲಯಕ್ಕೆ ತಿಳಿಯದ ಒಂದು ಸಂಗತಿ ಊರಿಗೆ ಗೊತ್ತು: ಬಯಲುಸೀಮೆಯ ಕೆರೆ ಬೇಸಿಗೆಯಲ್ಲಿ ಒಣಗಬೇಕು. ಒಣಗಿದಾಗಲೇ ತಳ ಬಿರಿದು ಬಿಸಿಲು ಕುಡಿಯುತ್ತದೆ, ದನ ಮೇಯುತ್ತವೆ, ಗೋಡು ತೆಗೆಯಲು ಆಗುತ್ತದೆ, ತೂಬು ದುರಸ್ತಿ ಮಾಡಲು ಬರುತ್ತದೆ. ಹನ್ನೆರಡು ತಿಂಗಳೂ ನೀರು ನಿಂತರೆ ಇದೊಂದೂ ಆಗುವುದಿಲ್ಲ. ಸರದಿಯ ಮೇಲೆ ಕೆಲವು ವರ್ಷಗಳಿಗೊಮ್ಮೆ ತಮ್ಮ ಕೆರೆಗೆ ಹರಿವು ನಿಲ್ಲಿಸಿ ಒಣಗಲು ಬಿಡಿ ಎಂದು ಕೇಳುವ ಹಕ್ಕು ಗ್ರಾಮಸಭೆಗೆ ಇರಬೇಕು.

8. ಗಿಡ ನೆಡುವ ಮೊದಲು ಕೇಳಿ

ಕೆರೆಯಂಗಳದಲ್ಲಿ ಸಾಮಾಜಿಕ ಅರಣ್ಯದ ಹೆಸರಿನಲ್ಲಿ ಜಾಲಿ ನೆಟ್ಟರು, ಜಲಾನಯನದಲ್ಲಿ ನೀಲಗಿರಿ ಹಬ್ಬಿಸಿದರು. ಹೊಸದಾಗಿ ನೀಲಗಿರಿ, ಅಕೇಶಿಯಾ ನೆಡಬಾರದೆಂದು ಸರ್ಕಾರವೇ 2017ರಲ್ಲಿ ಆದೇಶ ಹೊರಡಿಸಿತು. ಇರುವುದನ್ನು ತೆಗೆಯುವ ಕೆಲಸ ಬಾಕಿ ಇದೆ, ಸಣ್ಣ ರೈತರಿಗೆ ಬದಲಿ ಬೆಳೆಗೆ ನೆರವು ಕೊಟ್ಟು ಅದನ್ನು ಮುಗಿಸಿ. ಏರಿಯ ಮೇಲೆ ದೊಡ್ಡ ಮರ ಬೇಡ, ಬೇರು ಸತ್ತ ಮೇಲೆ ಆ ದಾರಿಯಲ್ಲೇ ನೀರು ನುಗ್ಗುತ್ತದೆ. ಲಕ್ಕಿ, ಲಾವಂಚ, ಗರಿಕೆ ಸಾಕು. ಹೊಂಗೆ, ಹಿಪ್ಪೆಗಳಿಗೆ ಕಾಲುವೆಯ ದಂಡೆ ಇದೆ.

9. ಕೆರೆ ಎಂದರೆ ಅಚ್ಚುಕಟ್ಟುದಾರರು ಮಾತ್ರವಲ್ಲ

ಭೂಮಿ ಇಲ್ಲದವರಿಗೂ ಕೆರೆ ಬೇಕು. ನೀರಿಳಿದ ಅಂಚಿನಲ್ಲಿ ಹೊನಗೊನ್ನೆ, ಒಂದೆಲಗ ಕೊಯ್ಯುವ ಹೆಣ್ಣುಮಕ್ಕಳು, ಜೊಂಡು ಹೆಣೆಯುವವರು, ಬಟ್ಟೆ ತೊಳೆಯುವವರು, ಕುರಿ ದನ ನೀರಿಗೆ ತರುವವರು ಯಾವ ಬಳಕೆದಾರರ ಪಟ್ಟಿಯಲ್ಲೂ ಇಲ್ಲ. ಕೆರೆಗೆ ತಂತಿ ಬೇಲಿ ಹಾಕಿ ನಡಿಗೆ ಪಥ ಮಾಡಿದಾಗ ಮೊದಲು ಹೊರಗೆ ಬೀಳುವವರು ಇವರೇ. ಯಾವ ಸೊಪ್ಪು ಕಡಿಮೆಯಾಯಿತು, ಯಾವುದರ ರುಚಿ ಕೆಟ್ಟಿತು ಎಂಬುದನ್ನು ಮೊದಲು ಗಮನಿಸುವವರೂ ಇವರೇ, ನೀರು ಕೆಡುತ್ತಿರುವುದಕ್ಕೆ ಅದಕ್ಕಿಂತ ಬೇಗ ಸಿಗುವ ಸೂಚನೆ ಇಲ್ಲ. ಕೆರೆ ಸಮಿತಿಗಳಲ್ಲಿ ಭೂಹೀನರಿಗೂ ಮಹಿಳೆಯರಿಗೂ ಅರ್ಧ ಸ್ಥಾನ ಇರಲಿ. ಮೀನು ಹರಾಜಿನ ಕರಾರಿನಲ್ಲಿ, ತೂಬು ತೆರೆಯುವ ತೀರ್ಮಾನ ಗ್ರಾಮಸಭೆಯದು, ಗುತ್ತಿಗೆದಾರನದಲ್ಲ ಎಂಬ ಷರತ್ತು ಸೇರಿಸಿ.

10. ತಲಪರಿಗೆ, ಕುಂಟೆ, ಗೋಕಟ್ಟೆಗಳೂ ದಾಖಲೆಗೆ ಬರಲಿ

ಮಧುಗಿರಿ, ಕೊರಟಗೆರೆ, ಪಾವಗಡ, ಸಿರಾ ಭಾಗದಲ್ಲಿ ಮರಳಿನ ಒಡಲಿನಿಂದ ಚಿಮ್ಮುವ ಒರತೆಯನ್ನು ಕಾಲುವೆ ತೋಡಿ ಗದ್ದೆಗೆ ತಂದುಕೊಳ್ಳುತ್ತಿದ್ದ ತಲಪರಿಗೆಗಳಿವೆ. ವರ್ಷಕ್ಕೊಮ್ಮೆ ಊರೆಲ್ಲ ಸೇರಿ ಕಾಲುವೆಯ ಮರಳು ತೆಗೆದರೆ ಸಾಕಿತ್ತು, ಮೋಟಾರು ಬೇಕಿರಲಿಲ್ಲ. ಸುತ್ತ ಕೊಳವೆಬಾವಿ ಕೊರೆದು, ಹಳ್ಳದ ಮರಳು ಎತ್ತಿದ ಮೇಲೆ ಬಹಳಷ್ಟು ನಿಂತುಹೋದವು. ಇವನ್ನೂ ಊರಿನ ಕುಂಟೆ, ಗೋಕಟ್ಟೆಗಳನ್ನೂ ದಾಖಲೆಗೆ ಸೇರಿಸಿ. ಉಳಿದಿರುವ ತಲಪರಿಗೆಗಳ ಸುತ್ತ ಮರಳು ತೆಗೆಯುವುದನ್ನೂ ಹೊಸ ಕೊಳವೆಬಾವಿಯನ್ನೂ ನಿಷೇಧಿಸಿ.

11. ಬರೆದಿಡುವ ತಿಳಿವಳಿಕೆ ಯಾರದು?

ಕೆರೆಯ ತಿಳಿವಳಿಕೆಯನ್ನು ದಾಖಲಿಸಬೇಕು, ಇಲ್ಲದಿದ್ದರೆ ಬಲ್ಲವರ ಜೊತೆ ಅದೂ ಹೋಗುತ್ತದೆ. ಅದಕ್ಕೆ ಚೌಕಟ್ಟು ಆಗಲೇ ಇದೆ. 2002ರ ಜೀವವೈವಿಧ್ಯ ಕಾಯ್ದೆಯಂತೆ ಪ್ರತಿ ಪಂಚಾಯಿತಿಯಲ್ಲಿ ಜೀವವೈವಿಧ್ಯ ನಿರ್ವಹಣಾ ಸಮಿತಿ ಇರಬೇಕು, ಜನರ ಜೊತೆ ಕೂತು ಜೀವವೈವಿಧ್ಯ ದಾಖಲಾತಿ ಸಿದ್ಧಪಡಿಸಬೇಕು. ಒಂದೇ ನಮೂನೆಯನ್ನು ಊರೂರಿಗೆ ನಕಲು ಮಾಡಿ ತುಂಬಿಸಿದ ದಾಖಲಾತಿ ನಮಗೆ ಬೇಡ. ನೀರಿನ ಅಧ್ಯಾಯವನ್ನು ಸೇರಿಸಿ, ಹೇಳಿದವರು ಒಪ್ಪಿದರೆ ಅವರ ಹೆಸರು ಹಾಕಿ, ಗ್ರಾಮಸಭೆಯಲ್ಲಿ ಗಟ್ಟಿಯಾಗಿ ಓದಿ, ತಿದ್ದುಪಡಿ ಮಾಡಿ ಅಂಗೀಕರಿಸಬೇಕು. ಮೂಲಪ್ರತಿ ಊರಲ್ಲೇ ಇರಬೇಕು. ದಾಖಲಾತಿಯಲ್ಲಿ ಬರುವ ಔಷಧಿ ಗಿಡಗಳ ತಿಳಿವಳಿಕೆಯನ್ನು ಹೊರಗಿನವರು ವ್ಯಾಪಾರಕ್ಕೆ ಬಳಸುವುದಾದರೆ ಹೇಳಿದವರ ಒಪ್ಪಿಗೆ ಮತ್ತು ಪಾಲು ಇಲ್ಲದೆ ಆಗಕೂಡದು. 2023ರ ತಿದ್ದುಪಡಿ ಈ ಕಾಯ್ದೆಯಲ್ಲಿ ಕೆಲವರಿಗೆ ಲಾಭ ಹಂಚಿಕೆಯಿಂದ ವಿನಾಯಿತಿ ಕೊಟ್ಟ ಮೇಲೆ ಈ ಎಚ್ಚರ ಇನ್ನಷ್ಟು ಬೇಕು.

12. ಎಂಜಿನಿಯರ್‌ಗಳಿಗೆ ಒಂದು ಮಳೆಗಾಲ

ಸಣ್ಣ ನೀರಾವರಿಗೆ ಸೇರುವ ಪ್ರತಿ ಕಿರಿಯ ಎಂಜಿನಿಯರ್ ತರಬೇತಿಯ ಭಾಗವಾಗಿ ಒಂದು ಹಿಂಗಾರನ್ನು ಕೆರೆಯ ಊರಲ್ಲಿ ನೀರುಗಂಟಿಯ ಜೊತೆ ಕಳೆಯಬೇಕು.

13. ಹಿಂದಿನ ಯೋಜನೆಗಳ ಲೆಕ್ಕ

2002ರಿಂದ 2012ರವರೆಗೆ ವಿಶ್ವಬ್ಯಾಂಕ್ ನೆರವಿನಲ್ಲಿ ಸಮುದಾಯ ಆಧಾರಿತ ಕೆರೆ ಅಭಿವೃದ್ಧಿ ಯೋಜನೆ ನಡೆಯಿತು, ಊರೂರಲ್ಲಿ ಕೆರೆ ಬಳಕೆದಾರರ ಸಂಘಗಳು ಹುಟ್ಟಿದವು. ಸಮುದಾಯದ ಹೆಸರಲ್ಲೇ ಬಂದ ಯೋಜನೆ ಅದು. ಆ ಸಂಘಗಳಲ್ಲಿ ಎಷ್ಟು ಇಂದು ಸಭೆ ಸೇರುತ್ತವೆ, ಅವುಗಳ ಖಾತೆಯಲ್ಲಿ ಹಣ ಏನಾಯಿತು, ಆಗ ಕಟ್ಟಿದ ತೂಬುಗಳಲ್ಲಿ ಎಷ್ಟು ಕೆಲಸ ಮಾಡುತ್ತಿವೆ ಎಂದು ಕೆರೆವಾರು ಸಾಮಾಜಿಕ ಪರಿಶೋಧನೆ ಮಾಡಿಸಿ ಪ್ರಕಟಿಸಿ. ಅದಾಗುವವರೆಗೆ ಹೊಸ ಯೋಜನೆಯ ಹೆಸರಿನಲ್ಲಿ ಅದೇ ಕೆರೆಗೆ ಮತ್ತೆ ಹಣ ಬಿಡುಗಡೆ ಮಾಡಬಾರದು.

ಈ ಹದಿಮೂರರಲ್ಲಿ ಹೆಚ್ಚಿನವಕ್ಕೆ ಹೊಸ ಕಾನೂನು ಬೇಕಿಲ್ಲ, ಸರ್ಕಾರದ ಆದೇಶವೊಂದು ಸಾಕು. ಮೊದಲ ಮೂರನ್ನು ಬರುವ ಮುಂಗಾರಿಗೆ ಮೊದಲೇ ಜಾರಿಗೆ ತರಬಹುದು.

ಕೆರೆಯೂರಿನ ಓದುಗರಲ್ಲಿ ನಮ್ಮ ಕೋರಿಕೆ ಇಷ್ಟು. ನಿಮ್ಮೂರಿಗೆ ಹೊಂದದ ಬೇಡಿಕೆ ಇದ್ದರೆ ಹೊಡೆದುಹಾಕಿ, ಬಿಟ್ಟುಹೋದದ್ದನ್ನು ಸೇರಿಸಿ. ಬರುವ ಗ್ರಾಮಸಭೆಯಲ್ಲಿ ಇದನ್ನು ಓದಿ, ನಡಾವಳಿ ಪುಸ್ತಕದಲ್ಲಿ ಬರೆಸಿ, ಪಂಚಾಯಿತಿ ಅಭಿವೃದ್ಧಿ ಅಧಿಕಾರಿಯ (ಪಿಡಿಒ) ಸಹಿ ಇರುವ ಪ್ರತಿಯನ್ನು ಪಡೆದುಕೊಳ್ಳಿ.